ಸುಲಿದಿಟ್ಟ ಸಿಪ್ಪೆ

ಮಹಾಲಯ ಅಮಾವಾಸ್ಯೆಯ ಮಾರನೇ ಬೆಳಿಗ್ಗೆ, ಮದ್ದೂರು ಬಸ್ ಸ್ಟ್ಯಾಂಡಿನ ಕಲ್ಲುಬೆಂಚಿನಲ್ಲಿ ಪಕ್ಕದವಳ ಡಬ್ಬಿಯಿಂದ ಬಾಡಿನ ವಾಸನೆ ಬಂದು ಸರಸಮ್ಮ ಟೀಚರು ಸೆರಗನ್ನು ಮೂಗಿಗೊತ್ತಿಕೊಂಡರು. ಕಿವಿ ಮಾತ್ರ ಅತ್ತಲೇ, ಆ ಪಕ್ಕದವಳೂ ಅವಳ ಗಂಡನ ಅಕ್ಕನೂ ಆಡುವ ಮಾತಿನ ಮೇಲೇ ಇತ್ತು.

“ಡಬ್ಬೀಲೇನೇ, ಮಲ್ಲಿಗಮ್ಮ?”

“ಸಾಸೇಜು ಕಣತ್ತಿಗೆ. ನಿಮ್ ತಮ್ಮ ಓದ್ಸಲ ಮಿಲ್ಟ್ರಿಯಿಂದ ರಜಕ್ಕೆ ಬಂದಾಗ ತಂದಿದ್ರಲ್ಲ, ಆ ಡಬ್ಬದ ಬಾಡು. ಆಲೂಗಡ್ಡೆ ಸಿಪ್ಪೆ ಸಮೇತ ಆಕಿ, ನಮ್ ಕಾಯಿಮಸಾಲೆ ಅರ್ದು ಬೇಯ್ಸಿದೀನಿ. ಇವತ್ತು ಬಸ್ ಇಳೀತಿದ್ದಂಗೆ ಒಂದು ತುತ್ತು ತಿನ್ಲಿ ಅಂತ.”

“ರಾತ್ರಿ ಅಪ್ಪನ ಎಡೆಗೂ ಇದ್ನೇ ಇಕ್ಕಿದ್ಯಂತೆ?”

“ಒಸಿ ಇಕ್ಕಿದ್ದೆ. ಬಾಗ್ಲು ಮುಚ್ಚಿ, ಆಮೇಲೆ ತಗುದು ನೋಡುದ್ರೆ ಇದೊಂದೇ ಖಾಲಿ. ಮುದ್ದೆ, ಕೋಳಿಸಾರು ಇದ್ದಂಗೇ ಅವೆ.”

“ಸತ್ತ ನಮ್ಮಪ್ಪ ಸಾಸೇಜು ಕಂಡೇ ಇರ್ನಿಲ್ವಲ್ಲೇ. ಬೆಕ್ಕು ತಿಂದಿರ್ತದೆ, ಬುಡು.”

“ಬೆಕ್ಕು ಆಲೂಗಡ್ಡೆ ಸಿಪ್ಪೆ ಸುಲೀತದಾ, ಅತ್ತಿಗೆ?”

“ಸಿಪ್ಪೆನಾ?”

“ಸುಲ್ದು, ಎಲೆ ತುದೀಲಿ ಒಂದರ ಮೇಲೊಂದು ಜೋಡ್ಸಿತ್ತು.”

ಅತ್ತಿಗೆ ಡಬ್ಬಿಯತ್ತ ತಿರುಗಿದಳು.

“ಅಂಗೆ ಜೋಡ್ಸೋನು ನನ್ ತಮ್ಮ ಒಬ್ನೇಯ.”

“ಅದ್ಕೇ ಕೇಳ್ತಾವ್ನಿ, ಸತ್ತೋರ್ಗೆ ಇಕ್ಕಿದ್ ಎಡೆ ಅವ್ರ್ಯಾಕೆ ತಿಂದ್ರು ಅಂತ.”

ಬೆಂಗಳೂರು ಬಸ್ಸು ಬಂತು. ಇಬ್ಬರೂ ಡಬ್ಬಿ ಬಿಟ್ಟು ಓಡಿದರು.

“ಕಂಡಕ್ಟ್ರೇ, ಇನ್ನೂ ಇಳಿಯೋರವ್ರಾ?”

“ಎಲ್ಲಾ ಇಳುದ್ರು ಕಣಮ್ಮ.”

ಬಸ್ಸು ಹೊರಟಿತು. ಮಲ್ಲಿಗಮ್ಮ ಹಿಂದಿರುಗಿ ಬಂದು ಡಬ್ಬಿಗೆ ಕೈ ಹಾಕಿದಳು. ಎತ್ತಿದ ಕೈ, ಖಾಲಿ ಡಬ್ಬಿ ಎತ್ತಿದ ಹಾಗೆ, ತಟ್ಟನೆ ಮೇಲಕ್ಕೆ ಹೋಯಿತು.

ಸರಸಮ್ಮ ಮೂಗಿನಿಂದ ಸೆರಗು ತೆಗೆದರು. ವಾಸನೆ ಇರಲಿಲ್ಲ.

ಆ ಇಬ್ಬರೂ ಮುಚ್ಚಳ ತೆಗೆದು ನೋಡಲಿಲ್ಲ. ಹಾಗೇ ಹೊರಟುಹೋದರು.