ಹಗ್ಗ ಬಿಡೋ ಬಟನ್

ಲೈಟ್ ಹಾಕ್ಬೇಡಿ, ಪ್ಲೀಸ್. ನಿಮ್ಮ ಮುಖ ಕಂಡ್ರೆ ನಂಗೆ ಮಾತೇ ಹೊರಡಲ್ಲ... ಹ್ಞಾಂ, ಹೀಗೇ ಇರ್ಲಿ. ಪುಸ್ತಕದ ಹುಳ ಎಲ್ಲೋ ಓದಿದ್ದನ್ನ ಒದರ್ತಾ ಇದೆ ಅಂತ ನಗ್ಬೇಡಿ. ಇದು ನಮ್ಮ ದೊಡ್ಡಪ್ಪನ ಮನೇಲಿ ಆಗಿದ್ದು. ದೊಡ್ಡಪ್ಪನ ಮಗಳು, ಅಂದ್ರೆ ಅಕ್ಕ... ಅವಳೇ ನಂಗೆ ಹೇಳಿದ್ದು.

ಅವತ್ತು ರಾತ್ರಿ ಅಕ್ಕ ಒಬ್ಳೇ ಮನೆಗೆ ಬರ್ತಾ ಇದ್ಲು. ಬೀದಿಗೆ ಬೀದೀನೇ ಕತ್ಲೆ, ಕರೆಂಟ್ ಇಲ್ಲ. ತೋಳಲ್ಲಿ ಒಂದು ಸ್ಕೂಟರ್ ಬ್ಯಾಟರಿ. ಮಗೂನ ಅವಚಿಕೊಂಡ ಹಾಗೆ ಅವಚಿಕೊಂಡಿದ್ಲು. ದೊಡ್ಡಪ್ಪಂದು ಬ್ಯಾಟರಿ ಚಾರ್ಜ್ ಮಾಡೋ ಅಂಗಡಿ. ಅಲ್ಲಿಂದ ತರ್ತಾ ಇದ್ಲು. ದಾರೀಲಿ ಹಳೇ ಬಾವಿ ಬರತ್ತೆ.

ಬ್ಯಾಟರಿ ಯಾಕೆ ಅಂದ್ರೆ... ಇಲ್ಲ, ಮೊದ್ಲು ಕಪ್ಪೆ ವಿಷ್ಯ ಹೇಳ್ಬೇಕು.

ಕಪ್ಪೆ ಅಂದ್ರೆ ಅಕ್ಕನ ತಮ್ಮ. ಅವನಿಗೆ ಮೆಟ್ಲು ಇಳಿಯೋದೇ ಗೊತ್ತಿರ್ಲಿಲ್ಲ, ಬರೀ ನೆಗೆಯೋದು. ಅದಕ್ಕೇ ಆ ಹೆಸ್ರು. ಅವನ ಹತ್ರ ಒಂದು ಹಳೇ ವಿಡಿಯೋ ಗೇಮ್ ಇತ್ತು. ಟಿವಿಗೆ ಸಿಕ್ಕಿಸೋದು, ಕ್ಯಾಸೆಟ್ಟಿನ ಧೂಳು ಊದಿ ಊದಿ ಹಾಕೋದು, ಆ ಥರದ್ದು. ಇದ್ದಿದ್ದು ಒಂದೇ ಕ್ಯಾಸೆಟ್. ಯಾವುದೋ ಸಿನಿಮಾ ಮೇಲೆ ಮಾಡಿದ ಗೇಮು. ಸಿನಿಮಾದಲ್ಲಿ ಹೀರೋ ಬಾವಿಗೆ ಬೀಳ್ತಾನಂತೆ, ಅವನ ಅಕ್ಕ ಹಗ್ಗ ಬಿಟ್ಟು ಮೇಲೆತ್ತುತಾಳಂತೆ. ಗೇಮಲ್ಲೂ ಹಂಗೇ. ಮೊದಲ್ನೇ ಕಂಟ್ರೋಲರ್ ಹಿಡ್ದವರು ಗೋಡೆ, ಹಳ್ಳ ಎಲ್ಲ ನೆಗೀತಾ ಹೋಗ್ಬೇಕು. ಕೊನೇಗೆ ಬಾವಿ. ಅಲ್ಲಿ ಎಷ್ಟು ನೆಗೆದ್ರೂ ಅಂಚು ಸಿಗಲ್ಲ. ಎರಡನೇ ಕಂಟ್ರೋಲರ್ ಹಿಡ್ದವರು ಬಟನ್ ಒತ್ತಿ ಹಿಡಿದ್ರೆ ಹಗ್ಗ ಇಳಿಯತ್ತೆ. ಕೈ ಬಿಟ್ರೆ ಹಗ್ಗ ಹೋಯ್ತು.

ಆ ಎರಡನೇದು ಯಾವಾಗ್ಲೂ ಅಕ್ಕಂದು.

ಒಂದು ಸಂಜೆ ಅವನು ಬಾವಿ ತನಕ ಬಂದಿದ್ದ. ಅಕ್ಕ ಇನ್ನೂ ಕೆಲ್ಸದಿಂದ ಬಂದಿರ್ಲಿಲ್ಲ. ಆ ಗೇಮ್ ಆಫ್ ಮಾಡಿದ್ರೆ ಮತ್ತೆ ಮೊದ್ಲಿಂದ ಆಡ್ಬೇಕು. ಅದಕ್ಕೆ ಗೇಮನ್ನ ಹಾಗೇ ನಿಲ್ಸಿ, ಟಿವಿ ಮಾತ್ರ ಆರ್ಸಿದ. ಗೇಮಿನ ಡಬ್ಬಿ ಮೇಲೆ ಕೆಂಪು ಲೈಟ್ ಉರೀತಾನೇ ಇತ್ತು.

"ಅಮ್ಮಾ, ಆ ಕೆಂಪು ಲೈಟ್ ಆರಿಸ್ಬೇಡ. ಒಂದೇ ಜೀವ ಉಳಿದಿದೆ."

"ಎಲ್ಲಿಗೋ ಹೊರಟೆ ಈ ಹೊತ್ನಲ್ಲಿ?" ಅಂದ್ರು ದೊಡ್ಡಮ್ಮ.

"ಅಕ್ಕನ್ನ ಕರ್ಕೊಂಡ್ ಬರ್ತೀನಿ. ಅವಳು ಹಗ್ಗ ಬಿಡ್ಬೇಕು."

ಮೆಟ್ಲಿಂದ ನೆಗೆದ. ಹೋದ. ಅಷ್ಟೇ... ಅಕ್ಕ ಬಂದ್ಲು. ಅವನು ಬರ್ಲಿಲ್ಲ.

ಪೊಲೀಸ್ರು ಬಂದ್ರು. ದಾರೀಲಿದ್ದ ಆ ಹಳೇ ಬಾವಿಗೆ ಪಂಪ್ ಹಾಕಿ ನೀರೆಲ್ಲ ತೆಗೆಸಿದ್ರು. ಕೆಸರು. ಒಂದು ಚಪ್ಲೀನೂ ಸಿಗ್ಲಿಲ್ಲ.

ದೊಡ್ಡಮ್ಮಂಗೆ ಗೇಮಿನ ತಲೆಬುಡ ಗೊತ್ತಿಲ್ಲ. ಅವ್ರಿಗೆ ಅರ್ಥ ಆಗಿದ್ದು ಒಂದೇ ಮಾತು. ಜೀವ ಉಳಿದಿದೆ. ಅವತ್ತಿಂದ ಆ ಕೆಂಪು ಲೈಟ್ ಮುಂದೇನೇ ಊಟ, ಅಲ್ಲೇ ನಿದ್ದೆ. "ಅಮ್ಮಾ, ಅದು ಆಟದ ಜೀವ" ಅಂತ ಅಕ್ಕ ಒಂದ್ಸಲ ಅಂದ್ಲಂತೆ. "ಹಾಗಾದ್ರೆ ನೀನೇ ಆರ್ಸು" ಅಂದ್ರಂತೆ ದೊಡ್ಡಮ್ಮ.

ಅಕ್ಕಂಗೆ ಕೈ ಬರ್ಲಿಲ್ಲ. ದೊಡ್ಡಪ್ಪ ಅದಕ್ಕೊಂದು ಬ್ಯಾಟರಿ ಜೋಡಿಸಿದ್ರು, ಕರೆಂಟ್ ಹೋದ್ರೂ ಆರಬಾರ್ದು ಅಂತ.

ನಾನು ಮೊದ್ಲು ಹೇಳಿದ್ನಲ್ಲ, ಕರೆಂಟ್ ಇಲ್ಲದ ಆ ರಾತ್ರಿ, ಆ ಬ್ಯಾಟರಿ ಇಳೀತಾ ಇತ್ತು. ಇನ್ನೊಂದು ತರೋಕೆ ಅಕ್ಕ ಅಂಗಡಿಗೆ ಹೋಗಿದ್ದು.

ಬಾವಿ ಹತ್ರ ಬಂದ್ಲು. ಅಲ್ಲೀಗ ಯಾರೂ ನೀರು ಸೇದಲ್ಲ. ರಾಟೆಗೆ ತುಕ್ಕು. ಹಗ್ಗದ ಒಂದು ತುದಿ ರಾಟೆಗೆ ಕಟ್ಟಿದೆ, ಮಿಕ್ಕಿದ್ದು ಕಟ್ಟೆ ಮೇಲೆ ಸುರುಳಿ. ಒಣಗಿ ಸೌದೆ ಥರ ಆಗಿತ್ತು.

ಟುಂಯ್ಕ್...

ಅಕ್ಕ ನಿಂತ್ಲು.

ಟುಂಯ್ಕ್... ಟಪ್.

ನೆಗೆಯೋ ಸದ್ದು. ಬೀಳೋ ಸದ್ದು. ಗೇಮಿಂದೇ, ಅದೇ ಕೀರಲು ಸದ್ದು. ಆದ್ರೆ ಬಾವಿಯೊಳಗಿಂದ ಬರ್ತಿತ್ತು. ಆ ಟಪ್ ಮಾತ್ರ... ನೀರಿನ ಮೇಲೆ ಯಾರೋ ಅಂಗೈ ಬಡಿದ ಹಾಗೆ.

"ಕಪ್ಪೇ?" ಅಂದ್ಲು.

ಸದ್ದು ನಿಂತೋಯ್ತು. ಆಮೇಲೆ...

"ಅಕ್ಕಾ... ಹಗ್ಗ ಬಿಡು."

ಬ್ಯಾಟರಿ ಕೈ ಜಾರಿ ಕಟ್ಟೆ ಕಲ್ಲಿನ ಮೇಲೆ ಬಿತ್ತು. ಫಟ್ ಅಂತ ಸೀಳಿ ಹೋಯ್ತು. ಅಕ್ಕ ಮನೆ ಕಡೆ ಓಡಿದ್ಲು.

ಹಗ್ಗ ಅಲ್ಲೇ ಇತ್ತು. ಕೈಗೆಟುಕೋ ಹಾಗೆ. ಆದ್ರೆ ಹಗ್ಗ ಬಿಡು ಅಂದ್ರೆ ಅವಳಿಗೆ ಬಟನ್ನೇ... ಅವ್ರ ಮನೇಲಿ ಆ ಮಾತಿಗೆ ಅದೊಂದೇ ಅರ್ಥ.

"ಅಪ್ಪಾ, ಟಿವಿ ಹಾಕು!"

"ಹಾಕಿದ್ರೆ ಇರೋ ಬ್ಯಾಟರೀನೂ ಇಳಿದು ಹೋಗತ್ತೆ ಕಣೇ. ಹಾಕ್ದಿದ್ರೆ ಬೆಳಗಿನ ತನಕ ಲೈಟ್ ಹೇಗೋ ಉಳಿಯತ್ತೆ. ಇನ್ನೊಂದೆಲ್ಲಿ?"

"ಒಡೆದು ಹೋಯ್ತು. ಅಪ್ಪಾ, ಅವನು ಕರೀತಿದಾನೆ. ಬಾವೀಲಿ. ಹಗ್ಗ ಬಿಡು ಅಂತಿದಾನೆ."

ದೊಡ್ಡಪ್ಪ ಕೆಂಪು ಲೈಟ್ ಕಡೆ ನೋಡಿದ್ರು. ಆಮೇಲೆ ದೊಡ್ಡಮ್ಮ ಮೆಲ್ಲಗೆ, "ಹಾಕ್ರೀ" ಅಂದ್ರು. "ಮಗು ಕೆಳಗಿದೆಯಂತೆ."

ದೊಡ್ಡಪ್ಪ ಅಂಗಡಿಯಿಂದ ತಂದಿಟ್ಟಿದ್ದ, ಬ್ಯಾಟರೀಲಿ ನಡೆಯೋ ಪುಟ್ಟ ಟಿವೀನ ಅದೇ ಬ್ಯಾಟರಿಗೆ ಸಿಕ್ಕಿಸಿದ್ರು. ಕೆಂಪು ಲೈಟ್ ಅರ್ಧ ಆಯ್ತು. ಪರದೆ ಮೇಲೆ ಬಾವಿ. ತಳದಲ್ಲಿ ಆ ಚಿಕ್ಕ ಹುಡ್ಗ.

ಅಕ್ಕ ಎರಡನೇ ಕಂಟ್ರೋಲರ್ ಎತ್ಕೊಂಡು ನಿಲ್ಸಿದ್ದ ಆಟ ಶುರು ಮಾಡಿದ್ಲು.

ಟುಂಯ್ಕ್... ಟಪ್.

ಮೊದಲ್ನೇ ಕಂಟ್ರೋಲರ್ ನೆಲದ ಮೇಲಿತ್ತು. ಯಾರೂ ಮುಟ್ಟಿರ್ಲಿಲ್ಲ.

ಅಕ್ಕ ಬಟನ್ ಒತ್ತಿ ಹಿಡಿದ್ಲು. ಕಿರ್... ಕಿರ್... ಹಗ್ಗ ಇಳೀತು. ಅವನು ನೆಗೆದು ಹಿಡ್ಕೊಂಡ. ಹತ್ತೋಕೆ ಶುರು ಮಾಡಿದ. ಚಿತ್ರ ಅಂಚಿಂದ ಕುಗ್ತಾ ಬಂತು. ದೊಡ್ಡಪ್ಪ ವೈರನ್ನ ಬರಿಗೈಲಿ ಅದುಮಿ ಹಿಡ್ಕೊಂಡು, "ಇಳೀಬೇಡ, ಇಳೀಬೇಡ" ಅಂತ ಬ್ಯಾಟರಿಗೆ ಹೇಳ್ತಿದ್ರಂತೆ. ದೊಡ್ಡಮ್ಮ ಪರದೆಗೆ ಕೆನ್ನೆ ತಾಗಿಸಿ... "ಬಾ ಕಂದಾ. ಇನ್ನೊಂಚೂರು. ಬಾ."

ಅವನ ಕೈ ಮೇಲೆ ಬಂತು. ಇನ್ನೊಂದು ಗೇಣು...

ಟಿಕ್.

ಪರದೆ ಒಂದು ಬಿಳೀ ಚುಕ್ಕಿ ಆಯ್ತು. ಅದೂ ಹೋಯ್ತು. ಕೆಂಪು ಲೈಟೂ ಹೋಯ್ತು.

ಅಕ್ಕ ಬಟನ್ ಬಿಡ್ಲಿಲ್ಲ. ಕತ್ಲಲ್ಲಿ, ಹೆಬ್ಬೆರಳು ಊದ್ಕೊಂಡ್ರೂ ಬಿಡ್ಲಿಲ್ಲ. ಬಿಡು ಅಂತ ಯಾರೂ ಹೇಳ್ಲೂ ಇಲ್ಲ.

ಬೆಳಕಾದ್ಮೇಲೆ ಮೂರೂ ಜನ ಬಾವಿಗೆ ಹೋದ್ರು. ಕಟ್ಟೆ ಮೇಲೆ ಒಡೆದ ಬ್ಯಾಟರಿ ಇತ್ತು. ಹಗ್ಗದ ಸುರುಳಿ ಇರ್ಲಿಲ್ಲ. ಹಗ್ಗ ನೀರಿನ ತನಕ ಇಳಿದಿತ್ತು. ಬೀದೀಲಿ ಮನೆಮನೆ ಕೇಳಿದ್ರು. ಯಾರೂ ಇಳಿಸಿರ್ಲಿಲ್ಲ.

ದೊಡ್ಡಪ್ಪ ಮೇಲೆಳೆದು ನೋಡಿದ್ರು. ನೀರಲ್ಲಿದ್ದ ತುದಿ ಒದ್ದೆ, ಸರಿ. ಮಧ್ಯ ಪೂರ್ತಿ ಒಣಗಿತ್ತು. ರಾಟೆ ಹತ್ರ, ಮೇಲ್ಗಡೆ, ಕೈ ಹಿಡ್ಕೊಳ್ಳೋ ಜಾಗದಲ್ಲಿ, ಒಂದು ಗೇಣು... ಒದ್ದೆ.

ನೀವು ನಂಬ್ದಿದ್ರೂ ಪರವಾಗಿಲ್ಲ. ನಡೆದಿದ್ದಂತೂ ನಿಜ. ಹೋದ ಬೇಸ್ಗೇಲಿ ನಾನೇ ಹೋಗಿದ್ದೆ. ನೆತ್ತಿ ಸುಡೋ ಬಿಸ್ಲು. ಹಗ್ಗ ಇನ್ನೂ ಅಲ್ಲೇ ಇದೆ, ದೊಡ್ಡಮ್ಮ ತೆಗೆಯೋಕೆ ಬಿಟ್ಟಿಲ್ಲ. ಮುಟ್ಟಿ ನೋಡ್ದೆ. ಇಡೀ ಹಗ್ಗ ಕಾದಿತ್ತು.

ಆ ಗೇಣುದ್ದ ಮಾತ್ರ ತಣ್ಣಗೆ ಒದ್ದೆ ಇತ್ತು.