ಪೀಪಾಯಿ ಓಣಿಯಲ್ಲಿ ಓಡಿದ ಮನುಷ್ಯನ ದಿಕ್ಕಿನ ಬಗ್ಗೆ

ಹೆಸರು: ಸಿಗ್‌ಬ್ರಿಟ್ ಥೊರೆಲ್. ತಂದೆ: ದಿವಂಗತ ಫೋಲ್ಕೆ ಥೊರೆಲ್, ಗಡಿಯಾರ ರಿಪೇರಿಯವರು. ವಯಸ್ಸು: 66. ಉದ್ಯೋಗ: ನಿವೃತ್ತ ಇತಿಹಾಸ ಶಿಕ್ಷಕಿ, ಈಗ ಪರವಾನಗಿ ಪಡೆದ ಖಾಸಗಿ ನಡಿಗೆ ಪ್ರವಾಸದ ಮಾರ್ಗದರ್ಶಿ. ವಾಸ: ಕೋಟೆಗುಡ್ಡದ ರಸ್ತೆ 19, ಮೂರನೇ ಮಹಡಿ, ಸೋಡರ್‌ಮಾಲ್ಮ್, ಸ್ಟಾಕ್‌ಹೋಮ್.

ಮೇಲ್ಕಂಡ ನಾನು ಈ ದಿನ ಮಧ್ಯಾಹ್ನ 2 ಗಂಟೆ 35 ನಿಮಿಷಕ್ಕೆ, ಯಾರೂ ಕರೆಸದೆ, ನಾನಾಗಿಯೇ ಠಾಣೆಗೆ ಬಂದು ಬರೆಸುವ ಸಂಗತಿ ಹೀಗಿದೆ.

1966ರ ಅಕ್ಟೋಬರ್ 9ರಂದು ಹಳೆಯ ಪಟ್ಟಣದ ಪೀಪಾಯಿ ಓಣಿಯಲ್ಲಿ ನಡೆದ ಘಟನೆಯ ಬಗ್ಗೆ ಪೊಲೀಸರು ಒಂಬತ್ತು ವರ್ಷದ ಒಬ್ಬ ಹುಡುಗಿಯಿಂದ ಹೇಳಿಕೆ ಪಡೆದಿದ್ದರು. ಆ ಹೇಳಿಕೆ ಸುಳ್ಳು. ಅದರ ಆಧಾರದ ಮೇಲೆ ತೌನೋ ಲೆಪ್ಪೋಲಾ ಎಂಬ ಫಿನ್ಲೆಂಡಿನ ಹಡಗುಕಟ್ಟೆ ಕೂಲಿಯವರಿಗೆ ಎಂಟು ತಿಂಗಳ ಸೆರೆವಾಸ, ನಂತರ ಗಡೀಪಾರು ಆಯಿತು. ಆ ಹುಡುಗಿ ನಾನು. ಆ ಹೇಳಿಕೆಯನ್ನು ತಿದ್ದಲು ಬಂದಿದ್ದೇನೆ.

ನಾನು ಇಪ್ಪತ್ತೆರಡು ವರ್ಷಗಳಿಂದ ಹಳೆಯ ಪಟ್ಟಣದಲ್ಲಿ ಪ್ರವಾಸಿಗರನ್ನು ನಡೆಸುತ್ತಿದ್ದೇನೆ. ನನ್ನ ದಾರಿ 2,340 ಮೀಟರ್, ಎರಡು ಗಂಟೆ, ಹದಿನೇಳು ಓಣಿಗಳು. ಗೋಡೆಯ ಫಲಕಗಳಲ್ಲಿ ತಪ್ಪು ಇಸವಿ ಕೆತ್ತಿದ್ದಾರೆಂದು ನಗರಸಭೆಗೆ ಇದುವರೆಗೆ ಮೂವತ್ತೊಂದು ಪತ್ರ ಬರೆದಿದ್ದೇನೆ. ಹದಿನೇಳನೇ ಶತಮಾನದ ಒಂದು ಬಾವಿಯ ಇಸವಿ ನಾಲ್ಕು ವರ್ಷ ಹಿಂದುಮುಂದಾಗಿದ್ದಕ್ಕೆ ನನಗೆ ನಿದ್ದೆ ಬಂದಿರಲಿಲ್ಲ. ಪೀಪಾಯಿ ಓಣಿ ನನ್ನ ದಾರಿಯಲ್ಲಿಲ್ಲ. ಅದರ ಬಾಯಿ ಬರುವ ಮೊದಲೇ ಎಡಕ್ಕೆ ತಿರುಗುತ್ತೇನೆ. ಪ್ರವಾಸಿಗರಿಗೆ ಚಕ್ರದ ಪೆಟ್ಟಿಗೆ ತರಬೇಡಿ ಎಂದು ಮೊದಲೇ ತಿಳಿಸುತ್ತೇನೆ. ಓಣಿಗಳು ಕಿರಿದು ಎಂಬ ಕಾರಣ ಕೊಡುತ್ತೇನೆ. ನಿಜವಾದ ಕಾರಣ, ಕಲ್ಲುಹಾಸಿನ ಮೇಲೆ ಚಕ್ರ ಉರುಳುವ ಸದ್ದನ್ನು ನಾನು ಕೇಳಲಾರೆ.

ಈ ದಿನದ ಪ್ರವಾಸವನ್ನು ಹನ್ನೊಂದು ದಿನಗಳ ಹಿಂದೆ ಐಲಾ ಬ್ರೂನ್ ಎಂಬವರು ಫಿನ್ಲೆಂಡಿನ ತುರ್ಕುವಿನಿಂದ ಕಾಯ್ದಿರಿಸಿದ್ದರು. ಒಬ್ಬರೇ ಬರುವುದಾಗಿಯೂ, ಹಳೆಯ ಪಟ್ಟಣದಲ್ಲೇ ಹುಟ್ಟಿ ಬೆಳೆದ ಮಾರ್ಗದರ್ಶಿಯೇ ಬೇಕೆಂದೂ ಬರೆದಿದ್ದರು. 10 ಗಂಟೆಗೆ ದೊಡ್ಡ ಚೌಕದಲ್ಲಿ ಸೇರಬೇಕಿತ್ತು. ಅವರು 9:54ಕ್ಕೇ ಅಲ್ಲಿದ್ದರು. ಸುಮಾರು ಅರವತ್ತರ ಹೆಂಗಸು, ಬೂದು ಕೋಟು, ಭುಜಕ್ಕೆ ಬಟ್ಟೆಯ ಚೀಲ.

10ರಿಂದ 11:20ರವರೆಗೆ ಎಂದಿನಂತೆ ನಡೆದೆವು. ಅವರು ಒಂದೂ ಫೋಟೋ ತೆಗೆಯಲಿಲ್ಲ. ಬಾಗಿಲ ಸಂಖ್ಯೆಗಳನ್ನು ಓದುತ್ತಾ ಬಂದರು. ಗೋರಿ ತೋಡುವವನ ಹೆಂಡತಿ ಇವತ್ತಿಗೂ ಮೆಟ್ಟಿಲ ಮೇಲೆ ಕಾಣಿಸುತ್ತಾಳೆ ಎಂಬ ಕಥೆಯನ್ನು ಮುಗಿಸಿದಾಗ ಅವರು ಮೊದಲ ಬಾರಿಗೆ ನಕ್ಕರು.

"ನಿಮ್ಮೂರಲ್ಲಿ ದೆವ್ವಕ್ಕೂ ಮನೆ ನಂಬರ್ ಇದೆಯಲ್ರೀ!" ಎಂದರು.

"ಈ ಪಟ್ಟಣದ ನಡುಮಧ್ಯ ಮನೆ ಸಿಗೋದು ದೆವ್ವಗಳಿಗೆ ಮಾತ್ರ. ನಮ್ಮಂಥವರು ಕಾಯೋ ಪಟ್ಟಿಯಲ್ಲೇ ಸಾಯ್ತೀವಿ" ಎಂದೆ.

11:22ಕ್ಕೆ ಅವರು ಪೀಪಾಯಿ ಓಣಿಗೆ ಹೋಗೋಣ ಎಂದರು. ಅಲ್ಲಿ ನೋಡಲು ಏನೂ ಇಲ್ಲವೆಂದು ಹೇಳಿದೆ.

"ಏನೂ ಇಲ್ಲದ ಜಾಗ ನೋಡೋಕೇ ನಾನು ಹಡಗು ಹತ್ತಿ ಬಂದಿದ್ದು. ಹಾದಿ ಗೊತ್ತು ತಾನೇ?"

ಗೊತ್ತಿಲ್ಲ ಎನ್ನಲು ನನಗೆ ಬಾಯಿ ಬರಲಿಲ್ಲ. ನಾನು ಹುಟ್ಟಿದ ಮನೆಯಿಂದ ಆ ಓಣಿ ನಲವತ್ತು ಹೆಜ್ಜೆ.

11:31ಕ್ಕೆ ಓಣಿಯ ಮೇಲಿನ ತುದಿಗೆ ತಲುಪಿದೆವು. ಓಣಿಯ ಉದ್ದ 71 ಮೀಟರ್, ಅಗಲ 2 ಮೀಟರ್ 10 ಸೆಂಟಿಮೀಟರ್, ಮೇಲಿನಿಂದ ಕೆಳಕ್ಕೆ ಇಳಿಜಾರು ಸುಮಾರು 6 ಮೀಟರ್. ಮೂಲೆಯಲ್ಲಿ ಮೊದಲು ಕೇಕಿನ ಅಂಗಡಿಯಿತ್ತು, ಈಗ ಕಾಫಿ ಅಂಗಡಿ. ಅದರ ಕಿಟಕಿಯ ಕೆಳಗೆ ಒಂದು ಮಗುವಿನ ಗಾಡಿ ನಿಂತಿತ್ತು. ಒಳಗೆ ಮಗು ಕಂಬಳಿ ಹೊದ್ದು ಮಲಗಿತ್ತು. ತಾಯಿ ಗಾಜಿನಾಚೆ ಕಾಫಿ ಕುಡಿಯುತ್ತಿದ್ದರು. ನಮ್ಮಲ್ಲಿ ಮಕ್ಕಳು ತಣ್ಣನೆಯ ಗಾಳಿಯಲ್ಲಿ ಮಲಗಿದರೆ ಗಟ್ಟಿಯಾಗುತ್ತವೆ ಎಂದು ಎಲ್ಲರೂ ಹೀಗೆ ಹೊರಗೆ ಬಿಡುತ್ತಾರೆ. ನನ್ನನ್ನೂ ಬಿಟ್ಟಿದ್ದರು. 1966ರ ಆ ದಿನ ನೆರೆಮನೆಯ ಮಗುವಿನ ಗಾಡಿ ನಿಂತಿದ್ದುದೂ ಇದೇ ಕಿಟಕಿಯ ಕೆಳಗೆ.

ಐಲಾ ಬ್ರೂನ್ ಚೀಲದಿಂದ ದಾಖಲೆ ಭಂಡಾರದ ಮುದ್ರೆಯಿದ್ದ ಒಂದು ಹಾಳೆಯನ್ನು ತೆಗೆದು, ತಾವು ತೌನೋ ಲೆಪ್ಪೋಲಾ ಅವರ ಮಗಳೆಂದೂ, ಅಂದು ತಮಗೆ ನಾಲ್ಕು ವರ್ಷವೆಂದೂ ತಿಳಿಸಿದರು. ಹಾಳೆಯಲ್ಲಿ ನಾಲ್ಕು ಸಾಲುಗಳಿದ್ದವು. ಸಾಕ್ಷಿಯ ಹೆಸರಿಗೆ ಕಪ್ಪು ಬಳಿದಿತ್ತು. "ಹುಡುಗಿ, 9 ವರ್ಷ" ಎಂಬುದು ಮಾತ್ರ ಉಳಿದಿತ್ತು. ಕಪ್ಪು ಟೋಪಿಯ ಗಂಡಸು ಗಾಡಿಯನ್ನು ತೆಗೆದುಕೊಂಡನೆಂದೂ, ಓಡಿದನೆಂದೂ, ಹುಡುಗಿ ಗಾಡಿಯ ಪಕ್ಕದಲ್ಲೇ ನಿಂತಿದ್ದಳೆಂದೂ ಅದರಲ್ಲಿತ್ತು.

"ನೀವು ಇಲ್ಲೇ ಬೆಳೆದವರು. ಈ ಹುಡುಗಿ ಯಾರು ಅಂತ ನಿಮಗೆ ಗೊತ್ತಿರಬಹುದು ಅಂತಾನೇ ನಿಮ್ಮನ್ನ ಹುಡುಕಿದ್ದು."

ನನಗೆ ಗೊತ್ತಿಲ್ಲವೆಂದು ಹೇಳಿದೆ. ಸಮಯ 11:36. ಇದು ಅದೇ ಜಾಗದಲ್ಲಿ ನಾನು ಹೇಳಿದ ಎರಡನೇ ಸುಳ್ಳು ಎಂಬುದನ್ನು ದಾಖಲಿಸಬೇಕು.

ಅವರು ಹಾಳೆಯನ್ನು ಮಡಿಸಲಿಲ್ಲ. "ಅವಳ ಮೇಲೆ ಸಿಟ್ಟಿಲ್ಲ. ಮಗು ಅದು. ಒಂದೇ ಒಂದು ಕೇಳಬೇಕಿತ್ತು. ಅಪ್ಪ ಓಡಿದ್ದು ಯಾಕೆ? ಅಮ್ಮ ಸಾಯೋವರೆಗೂ ಅದೊಂದನ್ನೇ ಹಿಡ್ಕೊಂಡಿದ್ಲು. ಬಾಕಿ ಎಲ್ಲಾ ನಂಬ್ತೀನಿ ಕಣಯ್ಯಾ, ತಪ್ಪು ಮಾಡಿಲ್ಲ ಅಂದ್ರೆ ಓಡಿದ್ದು ಯಾಕೆ ಅಂತ. ಓಡಿದ್ದು ಹೌದು ಅಂತಿದ್ರು ಅಪ್ಪ. ಯಾಕೆ ಅಂದ್ರೆ, ಹೇಳಿದಾಗ ಯಾರೂ ನಂಬಲಿಲ್ಲ, ಇನ್ನೇನು ಅಂತ ಎದ್ದು ಹೋಗೋರು" ಎಂದರು.

ಅದೇ ಹೊತ್ತಿಗೆ ಗಾಡಿಯಲ್ಲಿದ್ದ ಮಗು ಎಚ್ಚರವಾಗಿ ಅಳತೊಡಗಿತು. ಐಲಾ ಬ್ರೂನ್ ಒಂದು ಹೆಜ್ಜೆ ಮುಂದಿಟ್ಟು ಗಾಡಿಯ ಹಿಡಿಯತ್ತ ಕೈ ಚಾಚಿದರು. ಚಾಚಿದ ಕೈ ಅರ್ಧದಲ್ಲೇ ನಿಂತಿತು. ಎರಡೂ ಕೈಗಳನ್ನು ಕೋಟಿನ ಜೇಬಿಗೆ ತುರುಕಿಕೊಂಡು ಗೋಡೆಗೆ ಒತ್ತಿ ನಿಂತರು.

"ಅಪ್ಪನ ಚಾಳಿ, ನನಗೂ ಅಂಟಿದೆ. ಮಗುವಿನ ಗಾಡಿ ಎದುರು ಬಂದ್ರೆ ರಸ್ತೆ ದಾಟಿ ಆ ಕಡೆ ಹೋಗೋರು. ಕೈ ಜೇಬಲ್ಲಿ. ನನ್ನ ಮಗಳು ಹುಟ್ಟಿದಾಗಲೂ ಎತ್ಕೊಳ್ಳಲಿಲ್ಲ" ಎಂದರು.

ತಾಯಿ ಹೊರಗೆ ಬಂದು ಮಗುವನ್ನು ಎತ್ತಿಕೊಂಡು ಒಳಗೆ ಹೋದರು. ಸಮಯ 11:41. ಆಗ ನಾನು, ಆ ಹುಡುಗಿ ನಾನೇ ಎಂದು ಹೇಳಿದೆ. ಮುಂದಿನದನ್ನೂ ನಿಂತಲ್ಲೇ ಹೇಳಿದೆ. ಅದನ್ನೇ ಇಲ್ಲಿ ಬರೆಸುತ್ತಿದ್ದೇನೆ.

1966ರ ಅಕ್ಟೋಬರ್ 9, ಭಾನುವಾರ, ಮಧ್ಯಾಹ್ನ ಸುಮಾರು 12:50. ನೆರೆಮನೆಯ ಬೆರಿತ್ ಒಲೌಸ್ಸನ್ ಕೇಕಿನ ಅಂಗಡಿಗೆ ಹೋಗುವಾಗ ತಮ್ಮ ಏಳು ತಿಂಗಳ ಮಗುವನ್ನು ಗಾಡಿಯಲ್ಲಿ ಕಿಟಕಿಯ ಕೆಳಗೆ ಬಿಟ್ಟರು. "ಸಿಗ್ಗಾನ್, ಜಾಣೆ, ಎದ್ದರೆ ಸ್ವಲ್ಪ ತೂಗು. ನಿನಗೊಂದು ಬನ್ನು ತರ್ತೀನಿ" ಎಂದರು. ಓಣಿಯಲ್ಲಿ ಎಲ್ಲರೂ ನನ್ನನ್ನು ಸಿಗ್ಗಾನ್ ಎಂದೇ ಕರೆಯುತ್ತಿದ್ದರು. ಮಗು ಎದ್ದಿತು. ತೂಗಲೆಂದು ನಾನು ಗಾಡಿಯ ಬ್ರೇಕನ್ನು ಕಾಲಿನಿಂದ ಬಿಡಿಸಿದೆ. ಮಗು ಮಲಗಿತು. ಆಗ ಅರಮನೆಯ ಕಾವಲು ಪಡೆಯ ವಾದ್ಯ ಮೂಲೆಯಾಚೆ ಕೇಳಿಸಿತು. ನೋಡಲು ಓಡಿದೆ. ಬ್ರೇಕು ಹಾಕಲಿಲ್ಲ. ನಾನು ಓಡಿದ್ದು ಇಪ್ಪತ್ತು ಹೆಜ್ಜೆ. ಹಿಂದಿನಿಂದ ಕಲ್ಲಿನ ಮೇಲೆ ಚಕ್ರದ ಸದ್ದು ಬಂತು. ಮರಳಿ ಓಣಿಯ ಬಾಯಿಗೆ ಬಂದಾಗ ಗಾಡಿ ಇಳಿಜಾರಿನ ಅರ್ಧ ದಾರಿಯಲ್ಲಿತ್ತು. ಓಣಿಯಲ್ಲಿ ಬೇರೆ ಯಾರೂ ಇರಲಿಲ್ಲ. ಕೆಳಗಿನ ತುದಿಯಲ್ಲಿ, ಹಡಗುಕಟ್ಟೆಯ ರಸ್ತೆಯ ಕಡೆ ಬೆನ್ನು ಹಾಕಿ, ಕಪ್ಪು ಟೋಪಿಯ ಒಬ್ಬ ಗಂಡಸು ನಿಂತಿದ್ದರು. ಅವರು ತಲೆಯೆತ್ತಿ ನೋಡಿದರು. ಓಡಿದರು. ಮೇಲಕ್ಕೆ ಓಡಿದರು, ಗಾಡಿಯ ಕಡೆಗೆ. ಗಾಡಿಗೆ ಎದೆ ಕೊಟ್ಟು ನಿಲ್ಲಿಸಿ, ಮಂಡಿಯೂರಿ ಬಿದ್ದರು. ಮಗುವಿನ ಹಣೆಗೆ ತರಚಿತ್ತು. ಬೇರೇನೂ ಆಗಲಿಲ್ಲ. ಆ ಮಗು ಈಗ ವೆಸ್ಟೆರೋಸ್‌ನಲ್ಲಿ ದಂತವೈದ್ಯ.

ಬೆರಿತ್ ಒಲೌಸ್ಸನ್ ಹೊರಗೆ ಬಂದು ನನ್ನ ಭುಜ ಹಿಡಿದು, "ಯಾರು ತಗೊಂಡು ಹೋಗಿದ್ದು? ಯಾರೇ?" ಎಂದು ಕೂಗಿದರು. ಆ ಪ್ರಶ್ನೆಯಲ್ಲಿ ಆಗಲೇ ಒಬ್ಬ ಕಳ್ಳನಿದ್ದ. ನಾನು ಕೆಳಗೆ ಬೆರಳು ತೋರಿಸಿದೆ. ಮೆರವಣಿಗೆಯ ಬಂದೋಬಸ್ತಿನಲ್ಲಿದ್ದ ಪೊಲೀಸಿನವರು ಬಂದು ನನ್ನನ್ನು ಮೂರು ಪ್ರಶ್ನೆ ಕೇಳಿದರು. ಅವನ ಕೈ ಗಾಡಿಯ ಮೇಲಿತ್ತಾ? ಹೌದು. ಅವನು ಓಡಿದನಾ? ಹೌದು. ಗಾಡಿ ತೆಗೆದುಕೊಂಡು ಹೋಗಿದ್ದು ಅವನೇನಾ? ಮೊದಲೆರಡು ಉತ್ತರ ನಿಜ. ಮೂರನೆಯದಕ್ಕೂ ಹೌದು ಎಂದೆ. ಗಾಡಿಯ ಪಕ್ಕದಲ್ಲೇ ನಿಂತಿದ್ದೆ ಎಂದೂ ನಾನಾಗಿ ಸೇರಿಸಿದೆ.

ಲೆಪ್ಪೋಲಾ ಅವರಿಗೆ ನಮ್ಮ ಭಾಷೆ ಬರುತ್ತಿರಲಿಲ್ಲ. ಅವರು ಎರಡು ಮುಷ್ಟಿಗಳನ್ನು ಒಂದರ ಸುತ್ತ ಒಂದು ತಿರುಗಿಸಿ, ಓಣಿಯ ಮೇಲ್ತುದಿಯನ್ನು ತೋರಿಸಿ, ಮತ್ತೆ ತಿರುಗಿಸಿ ತೋರಿಸುತ್ತಿದ್ದರು. ಚಕ್ರ ಉರುಳಿತು ಎಂಬುದು ನನಗೆ ಅರ್ಥವಾಗಿತ್ತು. "ಕುಡಿದಿದ್ದಾನೆ, ಇವರೆಲ್ಲ ಹೀಗೇ" ಎಂದು ಗುಂಪಿನಲ್ಲಿ ಯಾರೋ ಅಂದರು. ಲೆಪ್ಪೋಲಾ ಅವರ ಪ್ಯಾಂಟಿನ ಎರಡೂ ಮಂಡಿಗಳು ಹರಿದು ರಕ್ತ ಬರುತ್ತಿತ್ತು. ತಪ್ಪಿಸಿಕೊಳ್ಳುವಾಗ ಬಿದ್ದದ್ದು ಎಂದು ಬರೆದುಕೊಂಡಿರುವುದನ್ನು ಈ ದಿನ ಐಲಾ ಬ್ರೂನ್ ಅವರ ಇನ್ನೊಂದು ಹಾಳೆಯಲ್ಲಿ ಓದಿದೆ. ಹಡಗುಕಟ್ಟೆಯ ಕಡೆ ತಪ್ಪಿಸಿಕೊಂಡು ಹೋಗುವವನು ಓಣಿಯ ನಡುವೆ, ಮೇಲ್ಮುಖವಾಗಿ ಏಕೆ ಬಿದ್ದಿರುತ್ತಾನೆ ಎಂದು ಠಾಣೆಯಲ್ಲಾಗಲಿ ನ್ಯಾಯಾಲಯದಲ್ಲಾಗಲಿ ಒಬ್ಬರೂ ಕೇಳಲಿಲ್ಲ. 71 ಮೀಟರ್ ನಡೆದು ನೋಡಲು ಒಂದು ನಿಮಿಷ ಸಾಕು. ಇದನ್ನು ನನ್ನ ತಪ್ಪನ್ನು ಹಗುರ ಮಾಡಲು ಹೇಳುತ್ತಿಲ್ಲ. ನನ್ನದು ಬ್ರೇಕು ಮತ್ತು ಮೂರನೇ ಉತ್ತರ. ಉಳಿದದ್ದು ಇಲಾಖೆಯದು.

ನನ್ನ ಮಾತು ಮುಗಿದಾಗ 11:58. ಐಲಾ ಬ್ರೂನ್ ಓಣಿಯ ಕೆಳತುದಿಗೆ ಒಬ್ಬರೇ ನಡೆದುಹೋದರು. ಅಲ್ಲಿ ಸುಮಾರು ನಾಲ್ಕು ನಿಮಿಷ ನಿಂತು ಮೇಲೆ ನೋಡಿದರು. ನಂತರ ಓಡಿದರು. ಅರ್ಧ ದಾರಿಯವರೆಗೆ ಮಾತ್ರ. ಅಲ್ಲಿ ನಿಂತು ಏದುಸಿರು ಬಿಟ್ಟು, ಉಳಿದದ್ದನ್ನು ನಡೆದು ನನ್ನ ಹತ್ತಿರ ಬಂದರು.

"ಅಮ್ಮ ಹೋಗಿ ಒಂಬತ್ತು ವರ್ಷ ಆಯ್ತು" ಎಂದರು.

ಕ್ಷಮಿಸಿ ಎನ್ನಲು ಹೊರಟಾಗ ಕೈ ಅಡ್ಡ ಹಿಡಿದರು. "ಅದು ಬೇಡ. ನಾನು ಪೊಲೀಸ್ ಠಾಣೆ ಮೆಟ್ಟಿಲು ಹತ್ತಲ್ಲ, ಅಪ್ಪನಿಗೆ ಮಾತು ಕೊಟ್ಟಿದೀನಿ. ನೀವು ಹೋಗಿ ಬರೆಸಿ. ಬರೆಸಿದ್ದು ನನ್ನ ಕೈಗೆ ತನ್ನಿ. ಹಡಗು ಏಳೂಮುಕ್ಕಾಲಿಗೆ."

ಈ ಹೇಳಿಕೆ ಬರೆದುಕೊಂಡ ಇನ್‌ಸ್ಪೆಕ್ಟರ್ ತಿಲ್ಡಾ ವೆಸ್ಟ್‌ಮನ್ ಅವರು ಮೊದಲಿಗೆ, "ಐವತ್ತೇಳು ವರ್ಷ ಆಯ್ತಲ್ಲ ಮೇಡಂ, ಕಂಪ್ಯೂಟರಲ್ಲಿ ಇದಕ್ಕೆ ಖಾನೆನೇ ಇಲ್ಲ. 'ಇತರೆ' ಅಂತ ಹಾಕ್ಲಾ?" ಎಂದು ಕೇಳಿದರು. ಹಾಕಿ ಎಂದೆ. ಪ್ರತಿ ಸಿಗಲು ಹತ್ತು ಕೆಲಸದ ದಿನ ಬೇಕೆಂದರು. ಪ್ರತಿ ಸಿಗುವವರೆಗೆ ಈ ಕುರ್ಚಿಯಿಂದ ಏಳುವುದಿಲ್ಲವೆಂದು ತಿಳಿಸಿದೆ. ಅವರು ಒಳಗೆ ಹೋಗಿ ಬಂದು, "ಕೂತಿರಿ, ಪ್ರಿಂಟ್ ಹಾಕ್ತಿದೀನಿ" ಎಂದರು.

1966ರಲ್ಲಿ ಬರೆದುಕೊಂಡದ್ದನ್ನು ನನಗೆ ಯಾರೂ ಓದಿ ಹೇಳಿರಲಿಲ್ಲ. ಇಂದು ಬರೆದದ್ದನ್ನು ನಾನೇ ಎರಡು ಸಲ ಓದಿದ್ದೇನೆ. ನಾನು ಕಂಡದ್ದು ಮತ್ತು ಮಾಡಿದ್ದು ಇಷ್ಟೇ, ಇದರಲ್ಲಿ ಸುಳ್ಳಿಲ್ಲ. ಮೊದಲ ಕರಡಿನಲ್ಲಿ ಇನ್‌ಸ್ಪೆಕ್ಟರ್ ಅವರು "ಆ ವ್ಯಕ್ತಿ ಓಡಿದರು" ಎಂದಷ್ಟೇ ಟೈಪ್ ಮಾಡಿದ್ದರು. "ಮೇಲಕ್ಕೆ" ಎಂಬ ಪದವನ್ನು ನನ್ನ ಕೋರಿಕೆಯ ಮೇರೆಗೆ ಸೇರಿಸಲಾಗಿದೆ.

ಸ್ಥಳ: ಸ್ಟಾಕ್‌ಹೋಮ್
ದಿನಾಂಕ: 12 ಅಕ್ಟೋಬರ್ 2023, ಗುರುವಾರ, ಸಂಜೆ 5 ಗಂಟೆ 10 ನಿಮಿಷ
(ಸಹಿ) ಸಿಗ್‌ಬ್ರಿಟ್ ಥೊರೆಲ್