ತಾಜಬಿ ಅಂದರ ಬರೇ ಕಿರೀಟ ಅಲ್ಲ

...ಮೊದಲ ಆ ಮೊಬೈಲ್ ಕೆಳಗ ಇಡು, ನೂರೀನ. ನಿನ್ನ ಅಜ್ಜ ರಾಜೇಸಾಬ ಇನ್ನೂ ಗಟ್ಟಿ ಕೂತಾನ. ಹಡೆದ ಮಗಳ ಹೆಸರಿನ ಅರ್ಥ ಖರೇ ಐತೋ ಸುಳ್ಳೋ ಅಂತ ಅದನ್ನ ಕೇಳತೀಯಾ? 'ನಾಯ್ರಾ' ಅಂದಿ. ಅದರಾಗ ಒಬ್ಬ ಅರಬ್ಬಿ ಅಂದ, ಇನ್ನೊಬ್ಬ ಸಂಸ್ಕೃತ ಅಂದ, ಮೂರನೆಯವ ಯಾವುದೋ ದ್ವೀಪದ್ದು ಅಂದ. ಮೂರು ಊರಾಗ ರೇಶನ್ ಕಾರ್ಡ್ ಇಟ್ಟವನಂಗ. ಮ್ಯಾಲೆ ಎಲ್ಲಾ ಹೆಸರಿಗೂ ಒಂದ ಅರ್ಥ, ಸ್ವರ್ಗದ ಹೂವು. ಯಾಕ, ಸ್ವರ್ಗದಾಗ ಬದನಿಕಾಯಿ ಬೆಳೆಯೂದಿಲ್ಲೇನು?

ನಗಬ್ಯಾಡ, ಹೊಲಿಗಿ ಬಿಚ್ಚೀತು.

ಹೆಸರು ಪರೀಕ್ಷಾ ಮಾಡೂದು ಗಂಟಲಿಂದ. ಲೋಕಲ್ ರೈಲು ಹೋಗೂವಾಗ ಚಾಳಿನ ಮಾಳಿಗಿ ಮ್ಯಾಲಿಂದ ಕೂಗಬೇಕು. ನಿಮ್ಮಪ್ಪಗ ಹೆಸರಿಡೂವಾಗ ನಾ ಜುನೇದ್ ಅಂತ ಕೂಗಿದರ ಕೂಸು ತೊಟ್ಟಲದಾಗಿಂದನ 'ಹೂಂ, ಬಂದೆ' ಅಂದಿತ್ತು. ಇಡೀ ಭಾಂಡುಪ್ ಸಾಕ್ಷಿ... ನಂಬೂದಿಲ್ಲಾ? ಬಿಡು.

ಏನು, ಗುಲಾಫಶಾ? ಅರ್ಥ ಪಕ್ಕಾ ಐತಿ ಅಂತೀ. ಇರಲಿ. ಆದರ ನಿನ್ನ ಸೋದರತ್ತಿ ಗುಲಾಫಶಾ ಮಲಾಡದಾಗ ಗುಂಡಕಲ್ಲಿನಂಗ ಅದಾಳಲ್ಲ! ಜೀವಂತ ಇದ್ದವರ ಹೆಸರು ಕೂಸಿಗೆ ಇಟ್ಟರ ಅವರ ಆಯುಷ್ಯ ಸವೀತೈತಿ. ನಮ್ಮ ಮನ್ಯಾಗ ಯಾರೂ ಇಟ್ಟಿಲ್ಲ, ಇಡೂದೂ ಇಲ್ಲ. ಇದನ್ನ ಹೇಳತೈತೇನು ನಿನ್ನ ಡಬ್ಬಿ?

ಅಜ್ಜಿ ತಾಜಬಿನ್ನ ಕೇಳತೀನಿ ಅಂತೀಯಾ... ಫೋನ್ ಹತ್ತೂದಿಲ್ಲವ್ವ, ಎಷ್ಟು ಸಲ ಹೇಳಲಿ. ನವಲಗುಂದದಾಗ ಟವರ್ ಮ್ಯಾಲೆ ಎಮ್ಮಿ ಹತ್ತಿ ಕೂತೈತಿ, ಇಳಿಸಾಕ ಆಗವಲ್ದು. ನಿನಗ ಅಂಟಿನ ಉಂಡಿ ಕಟ್ಟಿಕೊಂಡು ಬರತೀನಿ ಅಂತ ಹೋದಾಕಿ, ಮಣಕಾಲು ನೋವಂತ ಅಲ್ಲೇ ನಿಂತಾಳ. ಹ್ವಾದ ವಾರ ನಾನ ಹೋಗಿ ನೋಡಿ ಬಂದಿಲ್ಲೇನು? ಅಕಿ ಕಟ್ಟಿಟ್ಟಿದ್ದ ಉಂಡಿ ತಂದಿಲ್ಲೇನು? ತಿನ್ನು. ಬಾಣಂತಿ ಚಿಂತಿ ಮಾಡಿದರ ಹಾಲು ಬತ್ತತೈತಿ.

ಹೆಸರು ನಾ ಹೇಳತೀನಿ, ಕೇಳು. ತಾಜಬಿ ಅಂತ ಇಡು. ಮೊಬೈಲಿನವ 'ಕಿರೀಟ' ಅಂದಾನು, ಅವನ ಬುದ್ಧಿ ಅಷ್ಟ. ತಾಜಬಿ ಅಂದರ... ಅಕಿ ಒಮ್ಮೆ ಸ್ಟೇಷನ್‌ದಾಗ ನನ್ನನ್ನ ಕೂಗಿದ್ದಕ್ಕ ಫಾಸ್ಟ್ ಲೋಕಲ್ ನಿಂತಿತ್ತು. ಡ್ರೈವರ್ ಇಳಿದು 'ಯಾಕ ಬೇ ಯವ್ವಾ' ಅಂದಿದ್ದ. ಅಂಥಾ ಹೆಸರು ಈ ಮನ್ಯಾಗ ಇನ್ನ ಯಾರೂ ಕೂಗದಂಗ ಬಿಡಾಕ ಆಗತೈತೇನು? ಕೂಸಿಗೆ ಇಟ್ಟರ ದಿನಾ ಒಂದ ಸಲ ನಾನೂ...

ಏನಂದಿ? ಇದ್ದವರ ಹೆಸರು ಇಡೂದಿಲ್ಲ ಅಂತ ನಾನ ಹೇಳಿದ್ದೆ ಅಂತೀಯಾ?

ನಗು. ಲೋಕಲ್ ನಿಂತಿದ್ದಿಲ್ಲ, ಸುಳ್ಳು ಹೇಳತೀ ಅನ್ನು.

ನೂರೀನ... ಉಂಡಿ ಯಾಕ ಕೆಳಗ ಇಟ್ಟಿ?